ವಿಶ್ವಕೋಶದಲ್ಲಿ ತಜ್ಞನ ಸ್ಥಾನ: ಹಿತಾಸಕ್ತಿಯ ಸಂಘರ್ಷವನ್ನು ಕುರಿತು ಒಂದು ಚಾರಿತ್ರಿಕ ವಿವೇಚನೆ

೧

ವಿಶ್ವಕೋಶದಲ್ಲಿ ಒಂದು ವಿಷಯವನ್ನು ಕುರಿತು ಬರೆಯಲು ಯಾರು ಅರ್ಹರು ಎಂದು ಕೇಳಿದರೆ, ಆ ವಿಷಯವನ್ನು ಬಲ್ಲವರು ಎಂಬ ಉತ್ತರ ತಟ್ಟನೆ ಬರುತ್ತದೆ. ಆದರೆ ಬಲ್ಲವನು ಅನೇಕ ವೇಳೆ ಆ ವಿಷಯದ ವ್ಯಾಜ್ಯದಲ್ಲಿ ಒಬ್ಬ ಕಕ್ಷಿಗಾರನೂ ಆಗಿರುತ್ತಾನೆ. ಒಂದು ಸಿದ್ಧಾಂತವನ್ನು ಇಪ್ಪತ್ತು ವರ್ಷ ಸಾಕಿ ಬೆಳೆಸಿದ ವಿದ್ವಾಂಸನಿಗೆ ಅದರ ವಿಷಯದಲ್ಲಿ ಎಷ್ಟು ತಿಳಿವಳಿಕೆಯಿರುತ್ತದೆಯೋ ಅಷ್ಟೇ ಮಮತೆಯೂ ಇರುತ್ತದೆ. ಹೆತ್ತವರಿಗೆ ಹೆಗ್ಗಣ ಮುದ್ದು ಎಂಬ ಗಾದೆ ವಿದ್ವಲ್ಲೋಕಕ್ಕೂ ಸಲ್ಲತಕ್ಕದ್ದೇ. ಈ ತೊಡಕು ಹೊಸದಲ್ಲ. ಆದರೆ ೨೦೦೧ನೆಯ ಇಸವಿಯಲ್ಲಿ ಹುಟ್ಟಿದ ವಿಕಿಪೀಡಿಯ ಎಂಬ ಅಂತರಜಾಲ ವಿಶ್ವಕೋಶದಲ್ಲಿ ಅದು ಹಿಂದೆ ಕಾಣದಿದ್ದ ರೂಪವನ್ನು ತಾಳಿದೆ. ಆ ರೂಪಾಂತರದ ಚರಿತ್ರೆಯನ್ನು ಪ್ರಕೃತ ಪ್ರಬಂಧದಲ್ಲಿ ಸ್ಥೂಲವಾಗಿ ಪರಿಶೀಲಿಸಲು ನಾವು ಉದ್ದೇಶಿಸಿದ್ದೇವೆ.

ಇತಿಹಾಸದ ಅಭ್ಯಾಸಿಗಳಾದ ನಮಗೆ ಇದು ಪರರ ಮನೆಯ ಜಗಳವಲ್ಲ. ನಮ್ಮ ವಿದ್ಯಾರ್ಥಿಗಳು ಒಂದು ಹೆಸರನ್ನೋ ಇಸವಿಯನ್ನೋ ತಿಳಿಯಬೇಕಾದಾಗ ಮೊದಲು ತೆರೆಯುವ ಪುಟ ಅದು. ಆ ಪುಟದಲ್ಲಿ ತಪ್ಪು ಕಂಡರೆ ತಿದ್ದುವ ಸ್ವಾತಂತ್ರ್ಯ ನಮಗೂ ಉಂಟು. ಹಾಗೆ ತಿದ್ದುವುದು ಉಚಿತವೇ, ಉಚಿತವಾದರೆ ಯಾವ ಮೇರೆಯೊಳಗೆ, ಎಂಬ ಪ್ರಶ್ನೆಗೆ ನಮ್ಮಲ್ಲಿ ಪ್ರತಿಯೊಬ್ಬರೂ ಒಂದಲ್ಲ ಒಂದು ದಿನ ಉತ್ತರ ಕೊಡಬೇಕಾಗುತ್ತದೆ.

ಈ ವಿವೇಚನೆಗೆ ಬೇಕಾದ ಅಳತೆಗೋಲು ನಮ್ಮ ತರ್ಕಶಾಸ್ತ್ರದಲ್ಲಿಯೇ ದೊರೆಯುತ್ತದೆ. ಆಪ್ತನ ಉಪದೇಶವೇ ಶಬ್ದಪ್ರಮಾಣವೆಂದು ನ್ಯಾಯಸೂತ್ರ ಹೇಳುತ್ತದೆ. ಆಪ್ತನೆಂದರೆ ಯಾರು ಎಂಬುದಕ್ಕೆ ಭಾಷ್ಯಕಾರನಾದ ವಾತ್ಸ್ಯಾಯನನು ಎರಡು ಲಕ್ಷಣಗಳನ್ನು ಕೊಟ್ಟಿದ್ದಾನೆ. ಅವನು ವಸ್ತುವನ್ನು ಸಾಕ್ಷಾತ್ತಾಗಿ ತಿಳಿದವನಾಗಿರಬೇಕು. ತಿಳಿದುದನ್ನು ತಿಳಿದಂತೆಯೇ ಹೇಳುವ ಇಚ್ಛೆಯುಳ್ಳವನೂ ಆಗಿರಬೇಕು. ಈ ಲಕ್ಷಣವು ಋಷಿಗೂ ಆರ್ಯನಿಗೂ ಮ್ಲೇಚ್ಛನಿಗೂ ಸಮಾನವೆಂದು ಆತನು ಸೇರಿಸಿರುವುದು ಗಮನಾರ್ಹ. ಎಂದರೆ, ಕುಲದಿಂದಾಗಲಿ ಪದವಿಯಿಂದಾಗಲಿ ಆಪ್ತತ್ವವು ಬರುವುದಿಲ್ಲ. ತಜ್ಞತೆಯು ಮೊದಲನೆಯ ಲಕ್ಷಣಕ್ಕೆ ಸಂಬಂಧಿಸಿದುದು. ಹಿತಾಸಕ್ತಿಯ ಪ್ರಶ್ನೆಯು ಎರಡನೆಯದಕ್ಕೆ ಸಂಬಂಧಿಸಿದುದು. ಒಂದು ಇದೆಯೆಂದ ಮಾತ್ರಕ್ಕೆ ಮತ್ತೊಂದು ಇದೆಯೆಂದಾಗಲಿ ಇಲ್ಲವೆಂದಾಗಲಿ ಊಹಿಸುವಂತಿಲ್ಲ. ವಿಶ್ವಕೋಶಗಳ ಚರಿತ್ರೆಯಲ್ಲಿ ಕಾಣುವ ಗೊಂದಲಗಳಲ್ಲಿ ಬಹುಪಾಲು ಈ ಎರಡನ್ನು ಒಂದೆಂದು ಎಣಿಸಿದುದರಿಂದ ಹುಟ್ಟಿದವು ಎಂಬುದು ನಮ್ಮ ಅಭಿಪ್ರಾಯ.

೨

ಮುದ್ರಿತ ವಿಶ್ವಕೋಶಗಳ ಕಾಲದಲ್ಲಿ ಸಂಪಾದಕರು ಕಕ್ಷಿಗಾರರಿಂದ ಬರೆಯಿಸಲು ಅಂಜುತ್ತಿರಲಿಲ್ಲ. ಎನ್‌ಸೈಕ್ಲೋಪೀಡಿಯ ಬ್ರಿಟಾನಿಕದ ೧೯೧೦-೧೧ರ ಹನ್ನೊಂದನೆಯ ಆವೃತ್ತಿಯಲ್ಲಿ ಅರಾಜಕತಾವಾದವನ್ನು ಕುರಿತು ಬರೆದವನು ಆ ವಾದದ ಅಗ್ರಗಣ್ಯ ಪ್ರತಿಪಾದಕನಾದ ಪೀಟರ್ ಕ್ರೊಪಾಟ್ಕಿನ್. ಅವನು ತನ್ನ ಲೇಖನದಲ್ಲಿ, ಪ್ರಕೃತ ಲೇಖಕನೂ ಈ ಪಂಥದವನೆಂದು ಮರೆಮಾಚದೆ ಹೇಳಿ, ತಾನು ಮಂಡಿಸಿದ ವಿಚಾರಗಳನ್ನೂ ವಿವರಿಸಿದನು. ಆದರೆ ಆ ಪಂಥದ ಹೆಸರಿನಲ್ಲಿ ನಡೆದ ಹತ್ಯೆಗಳನ್ನೂ ಬಾಂಬು ಪ್ರಯೋಗಗಳನ್ನೂ ಓದುಗರು ಅದೇ ಶೀರ್ಷಿಕೆಯಡಿಯಲ್ಲಿ ಹುಡುಕುವರಷ್ಟೆ. ಆದುದರಿಂದ ಸಂಪಾದಕರು ಅಂತಹ ಘಟನೆಗಳ ಒಂದು ಸಂಗ್ರಹವನ್ನು ತಮ್ಮದೇ ಟಿಪ್ಪಣಿಯಾಗಿ ಬೇರೆ ಸೇರಿಸಿದರು. ಇಲ್ಲಿ ತಜ್ಞನ ಮಾತನ್ನು ತಿರುಚಿಲ್ಲ. ಅವನು ಬಿಟ್ಟುದನ್ನು ಬಿಟ್ಟುಬಿಡಲೂ ಇಲ್ಲ. ಯಾವ ಮಾತು ಯಾರದು ಎಂಬುದು ಓದುಗನಿಗೆ ಸ್ಪಷ್ಟವಾಗಿ ತಿಳಿಯುತ್ತದೆ. ಹಿತಾಸಕ್ತಿಯುಳ್ಳ ತಜ್ಞನನ್ನು ಬಳಸಿಕೊಳ್ಳುವುದಕ್ಕೆ ಇದಕ್ಕಿಂತ ಪ್ರಾಮಾಣಿಕವಾದ ಏರ್ಪಾಡು ವಿರಳ.

೧೯೨೬ರಲ್ಲಿ ಹೊರಬಂದ ಅದೇ ಕೋಶದ ಹದಿಮೂರನೆಯ ಆವೃತ್ತಿಯು ಈ ಪದ್ಧತಿಯನ್ನು ಇನ್ನೂ ಮುಂದಕ್ಕೆ ಒಯ್ದಿತು. ಮನೋವಿಶ್ಲೇಷಣೆಯನ್ನು ಕುರಿತು ಫ್ರಾಯ್ಡ್, ದೇಶಕಾಲಗಳನ್ನು ಕುರಿತು ಐನ್‌ಸ್ಟೈನ್, ಲೆನಿನ್ನನನ್ನು ಕುರಿತು ಟ್ರಾಟ್‌ಸ್ಕಿ, ಬೃಹತ್ಪ್ರಮಾಣದ ಉತ್ಪಾದನೆಯನ್ನು ಕುರಿತು ಹೆನ್ರಿ ಫೋರ್ಡ್ ಅದರಲ್ಲಿ ಬರೆದರು. ಲೆನಿನ್ನನ ಉತ್ತರಾಧಿಕಾರಕ್ಕಾಗಿ ಸೋವಿಯತ್ ಪಕ್ಷದೊಳಗೆ ನಡೆಯುತ್ತಿದ್ದ ಹೋರಾಟದಲ್ಲಿ ಟ್ರಾಟ್‌ಸ್ಕಿಯೇ ಒಬ್ಬ ಪ್ರತಿಸ್ಪರ್ಧಿ ಎಂಬುದನ್ನು ನೆನೆದರೆ, ಲೇಖನದ ಒಂದೊಂದು ವಾಕ್ಯವನ್ನೂ ಓದುಗನು ತೂಗಿ ನೋಡಬೇಕಾಗುತ್ತದೆ. ಆದರೆ ತೂಗುವುದು ಸಾಧ್ಯ, ಏಕೆಂದರೆ ಲೇಖಕನ ಹೆಸರು ಕೆಳಗೆ ಇದೆ. ಫೋರ್ಡ್‌ರ ಲೇಖನದ ಕಥೆಯಾದರೋ ಬೇರೆ. ಅದನ್ನು ನಿಜವಾಗಿ ಬರೆದವನು ಫೋರ್ಡ್ ಅಲ್ಲ, ಆತನ ಪರವಾಗಿ ಲೇಖನಿ ಹಿಡಿಯುತ್ತಿದ್ದ ವಿಲಿಯಂ ಕ್ಯಾಮರಾನ್ ಎಂಬುದು ಮುಂದೆ ಇತಿಹಾಸಕಾರರ ಶೋಧದಿಂದ ತಿಳಿದುಬಂದಿತು. ಸಹಿಯು ಸತ್ಯದ ಭರವಸೆಯಲ್ಲ, ವಿಚಾರಣೆಗೆ ಬೇಕಾದ ಒಂದು ಸಾಧನವಷ್ಟೆ ಎಂಬುದಕ್ಕೆ ಇದು ಸಾಕು.

ಇತಿಹಾಸಕಾರನಿಗೆ ಈ ತೂಗುವ ಕೆಲಸ ಅಭ್ಯಾಸಬಲದಿಂದ ಬಂದದ್ದು. ಐಹೊಳೆಯ ಮೇಗುತಿಯ ಶಾಸನವನ್ನು (ಕ್ರಿ. ಶ. ೬೩೪) ರಚಿಸಿದ ರವಿಕೀರ್ತಿಯು ಇಮ್ಮಡಿ ಪುಲಕೇಶಿಯ ಆಶ್ರಿತ. ಅವನು ಒಡೆಯನ ವಿಜಯಗಳನ್ನು ಹೊಗಳಿದುದಲ್ಲದೆ, ತಾನು ಕೀರ್ತಿಯಲ್ಲಿ ಕಾಳಿದಾಸ ಭಾರವಿಗಳಿಗೆ ಸಮನೆಂದೂ ಹೇಳಿಕೊಂಡಿದ್ದಾನೆ. ಹಾಗೆಂದು ನಾವು ಆ ಶಾಸನವನ್ನು ಬದಿಗಿಡುವುದಿಲ್ಲ. ಹರ್ಷನಿಗೆ ಒದಗಿದ ಸೋಲಿನ ಮಾತನ್ನು, ಚಾಲುಕ್ಯರ ಅನ್ನ ಉಣ್ಣದ ಚೀನೀ ಯಾತ್ರಿಕ ಹ್ಯುಯೆನ್ ತ್ಸಾಂಗನ ಬರವಣಿಗೆಯೊಡನೆ ಇಟ್ಟು ನೋಡಿ ಸ್ವೀಕರಿಸುತ್ತೇವೆ. ಆತ್ಮಪ್ರಶಂಸೆಯನ್ನು ಆತ್ಮಪ್ರಶಂಸೆಯೆಂದೇ ಓದಿ, ಅದರಿಂದ ಆ ಇಬ್ಬರು ಕವಿಗಳ ಕಾಲಕ್ಕೆ ಒಂದು ಮೇರೆಯನ್ನು ಹಾಕಿಕೊಳ್ಳುತ್ತೇವೆ. ಹೆಸರು ತಿಳಿದ ಆಸಕ್ತ ಸಾಕ್ಷಿಯು ಉಪಯುಕ್ತನು. ಹೆಸರು ತಿಳಿಯದ ಆಸಕ್ತ ಸಾಕ್ಷಿಯು ಅಪಾಯಕಾರಿ.

೩

ಅಂತರಜಾಲದ ವಿಶ್ವಕೋಶವು ಕೈಬಿಟ್ಟುದು ಈ ಹೆಸರನ್ನೇ. ಇದು ಮೊದಲಿನ ಸಂಕಲ್ಪವಾಗಿರಲಿಲ್ಲ. ೨೦೦೦ದಲ್ಲಿ ಜಿಮ್ಮಿ ವೇಲ್ಸ್ ಆರಂಭಿಸಿದ ನ್ಯೂಪೀಡಿಯಕ್ಕೆ ತತ್ತ್ವಶಾಸ್ತ್ರದ ವಿದ್ವಾಂಸನಾದ ಲ್ಯಾರಿ ಸ್ಯಾಂಗರ್ ಪ್ರಧಾನ ಸಂಪಾದಕ. ಅಲ್ಲಿ ತಜ್ಞರು ಬರೆದ ಲೇಖನವು ಏಳು ಹಂತಗಳ ಪರಿಶೀಲನೆಯನ್ನು ದಾಟಬೇಕಾಗಿತ್ತು. ಫಲವಾಗಿ ೨೦೦೩ರಲ್ಲಿ ಅದು ಮುಚ್ಚುವ ವೇಳೆಗೆ ಸಿದ್ಧವಾದ ಲೇಖನಗಳು ಸುಮಾರು ಎರಡು ಡಜನು ಮಾತ್ರ. ಅದಕ್ಕೆ ಪೂರಕವಾಗಿರಲೆಂದು ೨೦೦೧ರ ಜನವರಿ ೧೫ರಂದು ತೆರೆದ ವಿಕಿಪೀಡಿಯದಲ್ಲಿಯಾದರೋ ಯಾರು ಬೇಕಾದರೂ ಬರೆಯಬಹುದಾಗಿದ್ದಿತು. ವರ್ಷ ತುಂಬುವುದರೊಳಗೆ ಇಂಗ್ಲಿಷಿನಲ್ಲಿಯೇ ಇಪ್ಪತ್ತು ಸಾವಿರದ ಹತ್ತಿರ ಲೇಖನಗಳು ಸೇರಿದವು. ಪೂರಕವೇ ಮೂಲವನ್ನು ನುಂಗಿತು.

ಲೇಖಕನ ಸಹಿ ಇಲ್ಲದ ಮೇಲೆ ವಿಶ್ವಾಸಕ್ಕೆ ಬೇರೊಂದು ಆಧಾರ ಬೇಕಾಯಿತು. ಬರೆದವನು ಯಾರೇ ಆಗಲಿ, ಬರೆದ ಮಾತಿಗೆ ಪ್ರಕಟಿತವಾದ ವಿಶ್ವಸನೀಯ ಆಕರವಿರಬೇಕು. ಸ್ವಂತ ಸಂಶೋಧನೆಗೆ ಇಲ್ಲಿ ಎಡೆಯಿಲ್ಲ. ನಿಲುವು ತಟಸ್ಥವಾಗಿರಬೇಕು - ಎಂಬ ಮೂರು ನಿಯಮಗಳು ಆ ಸ್ಥಾನವನ್ನು ತುಂಬಿದವು. ಜೊತೆಗೆ ಪ್ರತಿಯೊಂದು ಪುಟದ ಹಿಂದೆಯೂ ಅದರ ತಿದ್ದುಪಡಿಗಳೆಲ್ಲವೂ ದಿನ, ಗಳಿಗೆ, ತಿದ್ದಿದವನ ಗುರುತು ಇವುಗಳೊಡನೆ ದಾಖಲೆಯಾಗಿ ಉಳಿಯುವ ಏರ್ಪಾಡು ಬಂದಿತು. ಗುರುತು ಎಂದರೆ ನಿಜವಾದ ಹೆಸರೇ ಆಗಬೇಕಾಗಿಲ್ಲ, ಇಟ್ಟುಕೊಂಡ ಹೆಸರೂ ಆಗಬಹುದು. ಹೀಗೆ ಹಳೆಯ ಕೋಶದ ಓದುಗನು ಲೇಖಕನನ್ನು ನಂಬುತ್ತಿದ್ದನು. ಹೊಸ ಕೋಶದ ಓದುಗನು ವಿಧಾನವನ್ನು ನಂಬಬೇಕಾಯಿತು.

ವಿಧಾನವೊಂದೇ ಸಾಲದೆಂಬುದು ಬೇಗನೆ ತಿಳಿಯಿತು. ೨೦೦೫ರ ಡಿಸೆಂಬರಿನಲ್ಲಿ, ಸಂಸ್ಥಾಪಕನಾದ ವೇಲ್ಸನೇ ತನ್ನ ಜೀವನಚರಿತ್ರೆಯ ಪುಟವನ್ನು ಹಲವು ಸಲ ತಿದ್ದಿ, ಸ್ಯಾಂಗರನು ಸಹಸಂಸ್ಥಾಪಕನೆಂಬ ಉಲ್ಲೇಖವನ್ನು ತೆಗೆದುಹಾಕಿದ್ದನೆಂಬುದು ಬಯಲಾಯಿತು. ಅವನು ಅದು ಉಚಿತವಲ್ಲವೆಂದು ಒಪ್ಪಿಕೊಂಡನು. ಕೋಶದ ಹುಟ್ಟನ್ನು ವೇಲ್ಸನಿಗಿಂತ ಚೆನ್ನಾಗಿ ಬಲ್ಲವರು ಯಾರಿದ್ದಾರೆ? ಆದರೆ ಅದೇ ವಿಷಯದಲ್ಲಿ ಅವನಷ್ಟು ಆಸಕ್ತನಾದ ಕಕ್ಷಿಗಾರನೂ ಇರಲಿಲ್ಲ. ಈ ಸಂಗತಿ ಹೊರಬಿದ್ದುದು ಪುಟದ ಹಿಂದಿನ ದಾಖಲೆಯಿಂದಲೇ ಎಂಬುದನ್ನು ಮರೆಯುವಂತಿಲ್ಲ.

ಇದಕ್ಕೆ ವಿರುದ್ಧವಾದ ಪ್ರಸಂಗವು ೨೦೦೭ರಲ್ಲಿ ಒದಗಿತು. ಆ ಕೋಶದಲ್ಲಿ ಉನ್ನತ ಹೊಣೆಗಳನ್ನು ಹೊತ್ತಿದ್ದ ಸಂಪಾದಕನೊಬ್ಬನು ತಾನು ಧರ್ಮಶಾಸ್ತ್ರದ ಪ್ರಾಧ್ಯಾಪಕನೆಂದು ಹೇಳಿಕೊಂಡು, ವಾದವಿವಾದಗಳಲ್ಲಿ ಆ ಪದವಿಯ ಬಲವನ್ನೂ ಬಳಸಿದ್ದನು. ದಿ ನ್ಯೂಯಾರ್ಕರ್ ಪತ್ರಿಕೆಯೂ ೨೦೦೬ರಲ್ಲಿ ಅವನನ್ನು ಹಾಗೆಂದೇ ಪರಿಚಯಿಸಿತ್ತು. ಅವನು ಯಾವ ಉನ್ನತ ಪದವಿಯನ್ನೂ ಪಡೆಯದ, ೨೪ ವರ್ಷದ ಯುವಕನೆಂಬುದು ಆಮೇಲೆ ಹೊರಬಿದ್ದಿತು. ವೇಲ್ಸನಲ್ಲಿ ಜ್ಞಾನವಿದ್ದಿತು, ತಾಟಸ್ಥ್ಯವಿರಲಿಲ್ಲ. ಇವನಲ್ಲಿ ಜ್ಞಾನದ ವೇಷ ಮಾತ್ರವಿದ್ದಿತು. ಹೆಸರಿಲ್ಲದ ಸಭೆಯಲ್ಲಿ ಪಾಂಡಿತ್ಯದ ಹಕ್ಕನ್ನು ಮನ್ನಿಸುವುದು ಎಷ್ಟು ಕಷ್ಟವೆಂಬುದು ಇದರಿಂದ ವಿಶದವಾಗುತ್ತದೆ. ಸ್ಯಾಂಗರನು ಅದೇ ವರ್ಷ ತೆರೆದ ಸಿಟಿಜೆಂಡಿಯಂ ಕೋಶದಲ್ಲಿ ನಿಜನಾಮವನ್ನು ಕಡ್ಡಾಯಗೊಳಿಸಿ ತಜ್ಞರಿಗೆ ಅನುಮೋದನೆಯ ಅಧಿಕಾರವನ್ನು ಕೊಟ್ಟನಾದರೂ, ಅಲ್ಲಿ ಬರೆಯುವವರೂ ಓದುವವರೂ ಸಾಕಷ್ಟು ಸೇರಲಿಲ್ಲ.

ವಿಕಿಪೀಡಿಯದಲ್ಲಿ ಕ್ರಮೇಣ ರೂಪುಗೊಂಡ ನಿಯಮವು ಒಂದು ಮಧ್ಯಮಾರ್ಗ. ತನ್ನನ್ನು, ತನ್ನ ಸಂಸ್ಥೆಯನ್ನು, ತನ್ನ ಸಮೀಪದವರನ್ನು ಕುರಿತ ಪುಟಗಳನ್ನು ಯಾರೂ ನೇರವಾಗಿ ತಿದ್ದಬಾರದು. ಚರ್ಚಾಪುಟದಲ್ಲಿ ಸಂಬಂಧವನ್ನು ಬಹಿರಂಗಪಡಿಸಿ ಸೂಚನೆಯನ್ನು ಕೊಡಬೇಕು. ತನ್ನ ವಿದ್ಯಾಕ್ಷೇತ್ರದ ವಿಷಯದಲ್ಲಿ ಬರೆಯುವುದು ಮಾತ್ರ ಸಂಘರ್ಷವಲ್ಲ. ತನ್ನ ಗ್ರಂಥವನ್ನು ಆಕರವಾಗಿ ಹೆಸರಿಸುವುದೂ ಪ್ರಸಕ್ತವಾಗಿದ್ದು ಮಿತಿಮೀರದಿದ್ದರೆ ನಿಷಿದ್ಧವಲ್ಲ. ಪ್ರತಿಫಲ ಪಡೆದು ಬರೆಯುವವರು ಅದನ್ನು ಪ್ರಕಟವಾಗಿ ತಿಳಿಸತಕ್ಕದ್ದೆಂದು ೨೦೧೪ರಲ್ಲಿ ವಿಕಿಮೀಡಿಯ ಪ್ರತಿಷ್ಠಾನವು ಬಳಕೆಯ ಷರತ್ತುಗಳಲ್ಲಿಯೇ ಸೇರಿಸಿತು. ಓದಲು ಇವೆಲ್ಲವೂ ಸರಳ. ಆಚರಣೆಯಲ್ಲಿ ಎಷ್ಟು ತೊಡಕಿನವು ಎಂಬುದನ್ನು ಇತಿಹಾಸದ ವಿದ್ವಾಂಸನೊಬ್ಬನ ಅನುಭವದಿಂದ ನೋಡಬಹುದು.

೪

೧೮೮೬ರ ಮೇ ೪ರಂದು ಷಿಕಾಗೋ ನಗರದ ಹೇಮಾರ್ಕೆಟ್ ಚೌಕದಲ್ಲಿ ಕಾರ್ಮಿಕರ ಸಭೆ ನಡೆಯುತ್ತಿದ್ದಿತು. ದಿನಕ್ಕೆ ಎಂಟು ಗಂಟೆಯ ದುಡಿಮೆ ಆಗಿನ ಬೇಡಿಕೆ. ಸಭೆಯನ್ನು ಚದರಿಸಲು ಬಂದ ಪೋಲೀಸರ ಮೇಲೆ ಯಾರೋ ಬಾಂಬನ್ನು ಎಸೆದರು. ಏಳು ಮಂದಿ ಪೋಲೀಸರು ಸತ್ತರು. ಎಂಟು ಮಂದಿ ಅರಾಜಕತಾವಾದಿಗಳ ವಿಚಾರಣೆ ನಡೆದು, ಏಳು ಮಂದಿಗೆ ಮರಣದಂಡನೆಯೂ ಒಬ್ಬನಿಗೆ ಹದಿನೈದು ವರ್ಷಗಳ ಸೆರೆಯೂ ವಿಧಿಸಲ್ಪಟ್ಟವು. ೧೮೮೭ರ ನವೆಂಬರ್ ೧೧ರಂದು ನಾಲ್ವರನ್ನು ಗಲ್ಲಿಗೇರಿಸಿದರು. ಅದರ ಹಿಂದಿನ ದಿನ ಒಬ್ಬನು ಸೆರೆಮನೆಯಲ್ಲಿ ಪ್ರಾಣ ಕಳೆದುಕೊಂಡನು. ಉಳಿದ ಮೂವರನ್ನು ೧೮೯೩ರಲ್ಲಿ ರಾಜ್ಯಪಾಲ ಆಲ್ಟ್‌ಗೆಲ್ಡ್ ಕ್ಷಮಿಸಿ ಬಿಡುಗಡೆ ಮಾಡಿದನು. ನಿರಪರಾಧಿಗಳನ್ನು ಯಾವ ಸಾಕ್ಷ್ಯವೂ ಇಲ್ಲದೆ ಕೊಂದರೆಂಬ ಮಾತು ಪಠ್ಯಪುಸ್ತಕಗಳಲ್ಲಿ ನೆಲೆಗೊಂಡಿತು.

ಒಹಾಯೋದ ಬೌಲಿಂಗ್ ಗ್ರೀನ್ ಸ್ಟೇಟ್ ವಿಶ್ವವಿದ್ಯಾನಿಲಯದ ಪ್ರಾಧ್ಯಾಪಕ ಟಿಮೊತಿ ಮೆಸ್ಸರ್-ಕ್ರೂಸ್ ಈ ಪಾಠವನ್ನು ಹೇಳುತ್ತಿದ್ದಾಗ, ಸಾಕ್ಷ್ಯವೇ ಇರದಿದ್ದರೆ ನ್ಯಾಯಾಲಯದಲ್ಲಿ ಆರು ವಾರ ಮಾತನಾಡಿದುದಾದರೂ ಏನನ್ನು ಎಂದು ವಿದ್ಯಾರ್ಥಿನಿಯೊಬ್ಬಳು ಕೇಳಿದಳಂತೆ. ಗುರುವಿನ ಬಳಿ ಉತ್ತರವಿರಲಿಲ್ಲ. ಅವರು ವಿಚಾರಣೆಯ ಮೂಲದಾಖಲೆಗಳನ್ನು ವರ್ಷಗಟ್ಟಲೆ ಓದಿದರು. ೧೧೮ ಮಂದಿ ಸಾಕ್ಷಿಗಳ ಹೇಳಿಕೆಗಳು, ಗುಪ್ತಸಭೆಗಳ ವಿವರ, ಬಾಂಬಿನ ಲೋಹವನ್ನು ಪರೀಕ್ಷಿಸಿದ ರಸಾಯನಶಾಸ್ತ್ರಜ್ಞರ ಅಭಿಪ್ರಾಯ ಇವೆಲ್ಲವೂ ಅಲ್ಲಿದ್ದವು. ಆದರೆ ವಿಕಿಪೀಡಿಯದ ಪುಟವು, ಆಪಾದಿತರಲ್ಲಿ ಯಾರನ್ನೂ ಬಾಂಬಿಗೆ ಸಂಬಂಧಿಸುವ ಸಾಕ್ಷ್ಯವನ್ನು ಸರ್ಕಾರಿ ವಕೀಲರು ಒಪ್ಪಿಸಲಿಲ್ಲವೆಂದು ಸಾರುತ್ತಿದ್ದಿತು. ೨೦೦೯ರಲ್ಲಿ ಪ್ರಾಧ್ಯಾಪಕರು ಅದನ್ನು ತಿದ್ದಿದರು. ನಿಮಿಷಗಳಲ್ಲಿ ಹಳೆಯ ವಾಕ್ಯ ಮರಳಿತು. ಅವರು ಮೂಲದಾಖಲೆಯನ್ನು ತೋರಿಸಿದಾಗ, ಪ್ರಕಟಿತ ಗ್ರಂಥಗಳ ಆಧಾರ ಬೇಕೆಂಬ ಉತ್ತರ ಬಂದಿತು. ೨೦೧೧ರಲ್ಲಿ ಅವರ ಗ್ರಂಥ ಪ್ರಕಟವಾಯಿತು; ಅವರು ಮತ್ತೆ ತಿದ್ದಿದರು. ಈ ಸಲ, ಬಹುಸಂಖ್ಯಾತ ಗ್ರಂಥಕಾರರ ಮತದ ಸ್ಥಾನದಲ್ಲಿ ಒಬ್ಬನ ಮತವನ್ನು ಇಡಲಾಗದೆಂದರು. ಆ ಒಬ್ಬನು ತಿದ್ದುತ್ತಿರುವವನೇ ಎಂಬುದು ಶಂಕೆಯನ್ನು ಇನ್ನಷ್ಟು ಬೆಳೆಸುವಂತಹುದೇ. ೨೦೧೨ರ ಫೆಬ್ರವರಿಯಲ್ಲಿ ಅವರು ಈ ವೃತ್ತಾಂತವನ್ನು ದಿ ಕ್ರಾನಿಕಲ್ ಆಫ್ ಹೈಯರ್ ಎಜುಕೇಷನ್ ಪತ್ರಿಕೆಯಲ್ಲಿ ಬರೆದ ಮೇಲೆ ಚರ್ಚೆ ಎದ್ದು, ಪುಟವು ತಿದ್ದುಪಡಿಯನ್ನು ಕಂಡಿತು.

ಈ ಪ್ರಸಂಗವನ್ನು ಸಾಮಾನ್ಯವಾಗಿ, ಅಜ್ಞಾನದ ಕೈಯಲ್ಲಿ ಪಾಂಡಿತ್ಯವು ಅವಮಾನಪಟ್ಟ ಕಥೆಯೆಂದು ಹೇಳುವುದುಂಟು. ನಮಗೆ ಅಷ್ಟು ಸರಳವೆಂದು ತೋರುವುದಿಲ್ಲ. ಪ್ರಾಧ್ಯಾಪಕರ ವಾದದಲ್ಲಿ ಎರಡು ಪದರಗಳಿದ್ದವು. ವಿಚಾರಣೆಯಲ್ಲಿ ಸಾಕ್ಷ್ಯವನ್ನು ಒಪ್ಪಿಸಲಾಯಿತು ಎಂಬುದು ಮೊದಲನೆಯದು. ಇದು ವಾಸ್ತವ ಸಂಗತಿ. ಷಿಕಾಗೋ ಹಿಸ್ಟಾರಿಕಲ್ ಸೊಸೈಟಿಯು ಅಂತರಜಾಲದಲ್ಲಿ ಇರಿಸಿರುವ ವಿಚಾರಣೆಯ ವರದಿಯನ್ನು ತೆರೆದು ಯಾರು ಬೇಕಾದರೂ ಪರೀಕ್ಷಿಸಬಹುದಾದುದು. ಆ ಸಾಕ್ಷ್ಯವು ನಂಬತಕ್ಕದ್ದು, ಅಂದಿನ ಕಾನೂನಿನ ದೃಷ್ಟಿಯಿಂದ ವಿಚಾರಣೆಯು ನ್ಯಾಯಸಮ್ಮತ ಎಂಬುದು ಎರಡನೆಯದು. ಇದು ವ್ಯಾಖ್ಯಾನ; ಕಾರ್ಮಿಕ ಚರಿತ್ರೆಯ ವಿದ್ವಾಂಸರೆಲ್ಲರೂ ಅದನ್ನು ಒಪ್ಪಿಲ್ಲ. ಮೊದಲನೆಯದಕ್ಕೆ ಬಹುಮತದ ಅಗತ್ಯವಿರಲಿಲ್ಲ; ಅದನ್ನು ತಡೆದುದು ಕೋಶದ ಸಂಪಾದಕರ ತಪ್ಪು. ಎರಡನೆಯದಕ್ಕೆ ಪರರ ಪರಿಶೀಲನೆ ಅಗತ್ಯವಿದ್ದಿತು. ಅದನ್ನು ಅದರ ಜನಕನೇ ಕೋಶದ ಧ್ವನಿಯಲ್ಲಿ ನೆಲೆಗೊಳಿಸುವುದನ್ನು ತಡೆಯುವ ಹಕ್ಕು ಅವರಿಗಿದ್ದಿತು. ಎರಡು ಪದರಗಳನ್ನು ಬಿಡಿಸದೆ ಇದ್ದುದರಿಂದ ಒಂದು ಕಡೆ ಸತ್ಯವು ಎರಡು ವರ್ಷ ಹೊರಗೆ ನಿಂತಿತು, ಮತ್ತೊಂದು ಕಡೆ ಎಚ್ಚರವು ಹಟದಂತೆ ಕಂಡಿತು. ಓದುಗನ ಪಾಲಿಗೆ ಬಂದುದು ಆ ಎರಡು ವರ್ಷಗಳ ತಪ್ಪು ವಾಕ್ಯ.

ಇದೇ ವರ್ಷ ಸೆಪ್ಟೆಂಬರಿನಲ್ಲಿ ಕಾದಂಬರಿಕಾರ ಫಿಲಿಪ್ ರಾತ್ ಬರೆದ ಬಹಿರಂಗ ಪತ್ರವನ್ನೂ ಇಲ್ಲಿ ಸ್ಮರಿಸಬಹುದು. ತನ್ನ ಕಾದಂಬರಿಯೊಂದಕ್ಕೆ ಸ್ಫೂರ್ತಿಯಾದ ವ್ಯಕ್ತಿ ಯಾರೆಂಬ ವಿಷಯದಲ್ಲಿ ಪುಟವು ತಪ್ಪು ಹೇಳುತ್ತಿದೆ ಎಂದು ಅವನು ಆಕ್ಷೇಪಿಸಿದಾಗ, ಬೇರೆ ಆಕರ ಬೇಕೆಂಬ ಉತ್ತರ ಬಂದಿತ್ತು. ಅವನು ತನ್ನ ಮಾತನ್ನು ಪತ್ರಿಕೆಯಲ್ಲಿ ಸಹಿ ಹಾಕಿ ಪ್ರಕಟಿಸಿದ ಕೂಡಲೆ ಕೋಶವು ಅದನ್ನು, ರಾತ್ ಹೀಗೆ ಹೇಳುತ್ತಾನೆ ಎಂದು, ಸ್ವೀಕರಿಸಿತು. ಮೇಲುನೋಟಕ್ಕೆ ಹಾಸ್ಯಾಸ್ಪದವಾದ ಈ ಸುತ್ತುದಾರಿಯಲ್ಲಿ ಒಂದು ವಿವೇಕವಿದೆ. ಅದೇ ಮಾತು ಹೆಸರಿಲ್ಲದ ತಿದ್ದುಪಡಿಯಾಗಿ ಬಂದಾಗ ಕೋಶದ ತೀರ್ಪಾಗಿಬಿಡುತ್ತದೆ. ಹೆಸರಿನೊಡನೆ ಬಂದಾಗ ಸಾಕ್ಷಿಯ ಹೇಳಿಕೆಯಾಗಿ ನಿಲ್ಲುತ್ತದೆ. ಕ್ರೊಪಾಟ್ಕಿನ್ನನ ಲೇಖನದ ಕೆಳಗಿನ ಸಹಿ ಮಾಡಿದ ಕೆಲಸವೂ ಇದೇ.

೫

ಈ ಚರಿತ್ರೆಯಿಂದ ನಮ್ಮ ನಾಡಿನ ವಿದ್ವಾಂಸರು ಕಲಿಯತಕ್ಕದ್ದು ಉಂಟು. ಮೈಸೂರು ವಿಶ್ವವಿದ್ಯಾನಿಲಯವು ೧೯೬೯ರಿಂದ ಹದಿನಾಲ್ಕು ಸಂಪುಟಗಳಲ್ಲಿ ಪ್ರಕಟಿಸಿದ ಕನ್ನಡ ವಿಶ್ವಕೋಶದಲ್ಲಿ ಲೇಖನದ ಕೊನೆಗೆ ಲೇಖಕರ ಹೆಸರಿನ ಮೊದಲಕ್ಷರಗಳಿರುತ್ತವೆ. ವಿಶ್ವವಿದ್ಯಾನಿಲಯವು ಕೆಲವು ಸಂಪುಟಗಳನ್ನು ಮುಕ್ತ ಪರವಾನಗಿಯಲ್ಲಿ ಬಿಡುಗಡೆ ಮಾಡಿದ ಮೇಲೆ ಅವುಗಳ ಲೇಖನಗಳು ಕನ್ನಡ ವಿಕಿಪೀಡಿಯವನ್ನು ಸೇರಿವೆ. ಅಲ್ಲಿ ಅಪರಿಚಿತ ಕೈಗಳು ತಿದ್ದಿದ ಮೇಲೆ, ಆ ಅಕ್ಷರಗಳು ಯಾವ ವಾಕ್ಯಕ್ಕೆ ಹೊಣೆ, ಯಾವುದಕ್ಕೆ ಅಲ್ಲ ಎಂಬುದನ್ನು ಹಿಂದಿನ ದಾಖಲೆಯನ್ನು ನೋಡದೆ ಹೇಳಲಾಗದು.

ಇದಕ್ಕಿಂತಲೂ ಗಹನವಾದ ತೊಡಕು ಮತ್ತೊಂದು. ಹೇಮಾರ್ಕೆಟ್ಟಿನ ಪುಟಕ್ಕೆ ಕಾವಲಿಗೆ ನಿಂತು ಜಗಳವಾಡುವವರಾದರೂ ಇದ್ದರು. ಕನ್ನಡದ ಕೋಶದಲ್ಲಿ ಕೆಲಸ ಮಾಡುವ ಕೈಗಳು ಕೆಲವೇ. ಒಂದು ಚಿಕ್ಕ ಅರಸು ಮನೆತನವನ್ನೋ ಒಂದು ಊರಿನ ಶಾಸನಗಳನ್ನೋ ಕುರಿತು ಒಂದೇ ಗ್ರಂಥ, ಅದಕ್ಕೆ ಒಬ್ಬರೇ ಕರ್ತೃಗಳು, ಅಂತರಜಾಲದಲ್ಲಿ ಬರೆಯಬಲ್ಲವರೂ ಅವರೊಬ್ಬರೇ ಎಂಬ ಸ್ಥಿತಿ ಅಸಂಭವವಲ್ಲ. ಅಲ್ಲಿ ತಜ್ಞನು ಸುಮ್ಮನಿದ್ದರೆ ಪುಟವೇ ಹುಟ್ಟುವುದಿಲ್ಲ, ಬರೆದರೆ ತಡೆಯುವವರಿಲ್ಲ. ಎದುರು ಕಕ್ಷಿಯಿಲ್ಲದ ನ್ಯಾಯಾಲಯದಲ್ಲಿ ವಕೀಲನೇ ನ್ಯಾಯಾಧೀಶನಾಗುವ ಅಪಾಯವಿದೆ.

ಹೀಗಿರುವಲ್ಲಿ ಹಿಂದೆ ಸರಿಯುವುದು ಪರಿಹಾರವಲ್ಲ. ಬಲ್ಲವರು ಬಿಟ್ಟ ಜಾಗವನ್ನು ಬಲ್ಲದವರೂ ಅಭಿಮಾನಿಗಳೂ ತುಂಬುತ್ತಾರೆ. ನಮ್ಮ ವಿದ್ವಾಂಸರು ಬರೆಯಬೇಕು. ನಿಜವಾದ ಹೆಸರಿನಲ್ಲಿ ಬರೆಯಬೇಕು. ತಮಗೂ ವಿಷಯಕ್ಕೂ ಇರುವ ಸಂಬಂಧವನ್ನು ಮೊದಲು ಹೇಳಿ ಬರೆಯಬೇಕು. ಶಾಸನದ ಪಾಠ, ತೇದಿ, ದೊರೆತ ಸ್ಥಳ ಮುಂತಾದ ಪರೀಕ್ಷೆಗೆ ನಿಲ್ಲುವ ಸಂಗತಿಗಳನ್ನು ಆಕರಸಹಿತವಾಗಿ ತಾವೇ ತಿದ್ದಬಹುದು. ತಮ್ಮ ಊಹೆಯನ್ನೂ ವ್ಯಾಖ್ಯಾನವನ್ನೂ ಮೊದಲು ವಿದ್ವತ್ಪತ್ರಿಕೆಗಳಲ್ಲಿ ಮಂಡಿಸಿ, ಕೋಶದಲ್ಲಿ ಅದನ್ನು ಎಷ್ಟು ಹೇಳಬೇಕೆಂಬುದನ್ನು ಚರ್ಚಾಪುಟದ ಮೂಲಕ ಇತರರಿಗೆ ಬಿಡಬೇಕು. ತಮ್ಮ ಮತವನ್ನು ಖಂಡಿಸಿದವರ ಗ್ರಂಥವನ್ನು ಮಾತ್ರ ಕೇಳುವವರಿಲ್ಲದಿದ್ದರೂ ತಾವೇ ಹೆಸರಿಸಬೇಕು. ಈ ಕೊನೆಯ ಕರ್ತವ್ಯವನ್ನು ಯಾವ ನಿಯಮವೂ ಬಲಾತ್ಕಾರದಿಂದ ಮಾಡಿಸಲಾರದು. ವಸ್ತುವನ್ನು ತಿಳಿದವರೆಂಬ ಮೊದಲನೆಯ ಲಕ್ಷಣವನ್ನು ವಿಶ್ವವಿದ್ಯಾನಿಲಯವು ಪದವಿಯ ಮೂಲಕ ಒಂದು ಮಟ್ಟಿಗೆ ಪ್ರಮಾಣೀಕರಿಸಬಹುದು. ತಿಳಿದುದನ್ನು ತಿಳಿದಂತೆಯೇ ಹೇಳುವರೆಂಬ ಎರಡನೆಯ ಲಕ್ಷಣಕ್ಕೆ ಪ್ರಮಾಣಪತ್ರವನ್ನು ಕೊಡುವವರು ಯಾರೂ ಇಲ್ಲ. ಅದನ್ನು ಬರೆದ ಪುಟದಲ್ಲಿಯೇ ತೋರಿಸಬೇಕು.